ಮೊರೀಯದಲ್ಲಿ ನಡೆದದ್ದು

ಚಿಗಟವೇ ಇರಬೇಕು, ಸಭಾಮಂದಿರದ ಮುಂದಿನ ಸಾಲಿನಲ್ಲಿ ಕೂತ ವೈದ್ಯ ಫೆರ್ರೆರನ ಶಾಲಿನ ಮೇಲೆ ಕಪ್ಪು ಚುಕ್ಕಿಯೊಂದು ಹೆಗಲಿನಿಂದ ಬೆನ್ನಿಗೆ ಇಳಿಯುತ್ತಿದೆ, ಕೆಲಸ ಮಾಡಬಾರದ ಸಬ್ಬತ್ತಿನ ದಿನ ಹೊಸಕುವ ಹಾಗಿಲ್ಲ, ಊದಿ ಹಾರಿಸಬಹುದೋ ಏನೋ, ಅದಕ್ಕೂ ಒಂದು ವಾದ ಇದ್ದೇ ಇರುತ್ತದೆ, ನಮ್ಮವರಲ್ಲಿ ಚಿಗಟಕ್ಕೂ ಎರಡು ಪಕ್ಷ, ಅದೋ ಯಾರ ಹಂಗೂ ಇಲ್ಲದೆ ನಡೆಯುತ್ತಿದೆ, ನನ್ನ ಅಂಗೈ ಮಾತ್ರ ಒದ್ದೆ, ಶಾಲಿನ ಅಂಚಿಗೆ ಒರೆಸಿದಷ್ಟೂ ಒದ್ದೆ — ಧರ್ಮಗ್ರಂಥದ ಸುರುಳಿ ಓದುವವನ ದನಿ ಏರುತ್ತಿದೆ, ಇಳಿಯುತ್ತಿದೆ, ಲೋಟನ ಊರು ಇನ್ನೂ ಉರಿಯುತ್ತಿದೆ, ಆಮೇಲೆ ಹಾಗರಳ ಮರುಭೂಮಿ, ಆಮೇಲೆ ಬಾವಿಯ ಜಗಳ, ಆಮೇಲೆ ಬೆಟ್ಟ, ಮೊರೀಯದ ಬೆಟ್ಟ, ದೇವರು ಕೇಳಿದನೆಂದು ಅಬ್ರಹಾಮ ಮಗ ಇಸಾಕನನ್ನು ಬಲಿಗೆ ಕಟ್ಟಿ ಕಟ್ಟಿಗೆಯ ಮೇಲೆ ಮಲಗಿಸುವ ಭಾಗ, ಅದಕ್ಕೆ ನನ್ನನ್ನೇ ಕರೆಯುತ್ತಾರೆ, ಫೆರ್ರೆರ್ ಬಾಗಿಲಲ್ಲೇ ಕಿವಿಯಲ್ಲಿ ಹೇಳಿದ್ದ, ಬೊಂಜುದಾ, ಇವತ್ತು ನಿನ್ನನ್ನ ವೇದಿಕೆ ಮೇಲಕ್ಕೆ ಕರೀತಾರೆ ಕಣಯ್ಯ, ಮರ್ಯಾದೆ ಮಾಡೋಕಲ್ಲ, ಬಹಿಷ್ಕಾರದ ಮಾತು ಸಿದ್ಧ ಮಾಡ್ಕೊಂಡೇ ಬಂದಿದಾನೆ ನಮ್ಮ ಹಿರಿಯ ಕೊಂಪ್ರಾತ್, ಹೊಟ್ಟೆನೋವು ಅಂತ ಮನೆಗೆ ಹೋಗ್ಬಿಡು, ಹೊಟ್ಟೆನೋವು ಹೌದೂ ಅಂತ ವೈದ್ಯ ನಾನೇ ಸಾಕ್ಷಿ ಹೇಳ್ತೀನಿ. ಹೋಗಬೇಕಿತ್ತು. ಹೋಗಲಿಲ್ಲ. ಹೋದರೆ ಖಾಲಿ ಜಾಗವೇ ಒಪ್ಪಿಕೊಂಡಂತೆ, ಹೋದರೆ ಆ ಕೋಣೆ, ದೊಲ್ಸಾಳ ಕೂಗು, ನಿನ್ನೆ ದೀಪ ಹಚ್ಚುವ ಹೊತ್ತಿಗೆ ಮಗಳಿಗೆ ನೋವು ಶುರುವಾದದ್ದು ಬೆಳಗಾದರೂ ಕೂಸಿಲ್ಲ, ಅಳಿಯ ಸಮುದ್ರದಾಚೆ ವ್ಯಾಪಾರದಲ್ಲಿ, ಅವಳು ಹಲ್ಲು ಕಚ್ಚಿ ಅಪ್ಪಾ ಅಂದಾಗ ನಾನು ಕೋಣೆಯ ಹೊರಗೆ ಸರಿದೆ, ಸೂಲಗಿತ್ತಿ ರೆಯಿನಾ ತೋಳು ಮಡಚಿಕೊಂಡು ಹೊಸ್ತಿಲ ತನಕ ಬಂದಳು, ನೋಡಿ ಅಯ್ಯನೋರೇ, ಕೂಸು ಅಡ್ಡ ತಿರುಗಿದೆ, ನಾನು ತಿರುಗಿಸ್ತೀನಿ, ಆದ್ರೆ ಅಲ್ಲಿ ನೀವು ಬಾಯಿ ಬಿಟ್ಟು ಬಹಿಷ್ಕಾರ ಹಾಕಿಸ್ಕೊಂಡ್ರೆ ನಾನು ಈ ಮನೇಲಿ ನಿಲ್ಲೋ ಹಾಗಿಲ್ಲ, ನಂಗೂ ಮಕ್ಕಳಿವೆ. ಪ್ರಾಣ ಉಳಿಸುವಾಗ ಯಾವ ಬಹಿಷ್ಕಾರವೂ ಲೆಕ್ಕಕ್ಕಿಲ್ಲ ರೆಯಿನಾ, ಅದೇ ನಿಯಮ, ಎಂದೆ. ನಿಯಮ ನಿಮಗೆ ಗೊತ್ತು, ಜನ ನಂಗೆ ಗೊತ್ತು, ಎಂದಳು. ಹೆಂಡತಿ ಅಸ್ತ್ರುಗಾ ಬಿಸಿನೀರಿನ ಪಾತ್ರೆ ಹಿಡಿದು ನನ್ನನ್ನೇ ನೋಡಿದಳು, ಬೆಂದಿತ್ ಹೋದ ದಿನ ನೋಡಿದ ಹಾಗೆ.

ಬೆಂದಿತ್, ನನ್ನ ಮಗ, ಜ್ವರದಲ್ಲಿ ಅವನ ತುಟಿ ಒಡೆದು ಹೋಗಿತ್ತು, ಒದ್ದೆ ಬಟ್ಟೆ ಇಟ್ಟರೆ ಅದನ್ನೇ ಚೀಪುತ್ತಿದ್ದ, ಸಾವಿನ ಮನೆಗೆ ಬಂದ ಹೆಂಗಸರು ಮೊಟ್ಟೆ ಬೇಯಿಸಿ ತಂದಿಟ್ಟು ಒಬ್ಬೊಬ್ಬರೂ ಅದೇ ಮಾತು, ದೇವರು ಕೇಳಿದ, ಕೊಟ್ಟಿರಿ, ಅಬ್ರಹಾಮನಂಥವರು ನೀವು. ಕೇಳಿದನೇ? ಯಾಕೆ ಕೇಳಿದ? ಎಲ್ಲ ಬಲ್ಲವನು ಒಬ್ಬ ಅಪ್ಪನನ್ನು ಬೆಟ್ಟ ಹತ್ತಿಸಿ ಏನನ್ನು ತಿಳಿಯಬೇಕಿತ್ತು? ಅಲ್ಲಿಂದಲೇ ಆ ಬೆಟ್ಟದ ಕಥೆಗೆ ನನ್ನ ವ್ಯಾಖ್ಯಾನ ಶುರುವಾದದ್ದು, ತತ್ವದ ಹುಚ್ಚಿನಿಂದಲ್ಲ, ಕೊಂಪ್ರಾತನಿಗೆ ಅದು ಗೊತ್ತಿಲ್ಲ, ಯಾರಿಗೂ ಗೊತ್ತಿಲ್ಲ — ಎಲ್ಲಕ್ಕೂ ಆದಿಕಾರಣನಾದ ದೇವರು ಯೋಚನೆ ಬದಲಿಸುವುದಿಲ್ಲ, ಪರೀಕ್ಷೆ ಮಾಡುವುದಿಲ್ಲ, ಕಲಿಯುವುದಿಲ್ಲ, ಅವನಿಗೆ ಕೈಯಿಲ್ಲ, ಹಸಿವಿಲ್ಲ, ಜ್ವರ ಎಂದರೆ ದೇಹದ ಧಾತುಗಳು ಕೆಟ್ಟದ್ದು, ಅಷ್ಟೇ, ಯಾರೂ ಯಾರನ್ನೂ ಕೇಳಲಿಲ್ಲ, ಅಬ್ರಹಾಮ ಕಂಡದ್ದು ಪ್ರವಾದಿಯ ದರ್ಶನ, ಕತ್ತೆಗೆ ಜೀನು ಬಿಗಿದದ್ದು, ಕಟ್ಟಿಗೆ ಸೀಳಿದ್ದು, ಕತ್ತಿ ಹಿಡಿದ ಕೈ ಎತ್ತಿದ್ದು ಎಲ್ಲವೂ ಆ ದರ್ಶನದೊಳಗೆ, ಬೆಳಗಾಗುವಾಗ ಹುಡುಗ ಪಕ್ಕದ ಹಾಸಿಗೆಯಲ್ಲಿ ಬಾಯಿ ತೆರೆದು ನಿದ್ದೆ ಹೋಗಿದ್ದ, ಅದನ್ನು ಬರೆದ ದಿನ ನಾನು ಮೊದಲ ಸಲ ಹೊಟ್ಟೆ ತುಂಬ ಉಂಡೆ. ಅದನ್ನು ಒಳಗೇ ಇಟ್ಟುಕೊಳ್ಳಬಾರದಿತ್ತೇ, ಬೇಸಿಗೆಯಲ್ಲಿ ಬಣ್ಣಗಾರರ ಮನೆಯ ಮದುವೆಯೂಟದಲ್ಲಿ ಎರಡು ಮಾತಾಡಿ ಸ್ವಾಮಿ ಎಂದರು, ಎದ್ದು ನಿಂತೆ, ಎಳೆಯ ಗಂಡ ಎಳೆಯ ಹೆಂಡತಿ, ಅವರಿಗೆ ಹೆದರಬೇಡಿ ಎನ್ನಬೇಕೆನಿಸಿತು, ನಿಮ್ಮ ಮಕ್ಕಳನ್ನು ಯಾರೂ ಕೇಳುವುದಿಲ್ಲ ಎನ್ನಬೇಕೆನಿಸಿತು, ಅಂದೆ, ಅಬ್ರಹಾಮ ಕಂಡದ್ದು ದರ್ಶನ ಎಂದೂ ಅಂದೆ, ಬಟ್ಟಲುಗಳ ಸದ್ದು ನಿಂತಿತು, ಫೆರ್ರೆರ್ ನಗಿಸಲು ನೋಡಿದ, ಹಾಗಾದ್ರೆ ಈ ಮೀನೂ ದರ್ಶನಾನೇ ಇರ್ಬೇಕು, ಮುಳ್ಳು ಮಾತ್ರ ನಿಜ, ಒಬ್ಬರೂ ನಗಲಿಲ್ಲ.

ಬೊಂಜುದಾ ಮೇಲೆ ಬರಲಿ — ನನ್ನ ಹೆಸರು, ನನ್ನದೇ, ಮೊಣಕಾಲು ಎದ್ದಿತೋ ನಾನು ಎದ್ದೆನೋ, ಮೆಟ್ಟಿಲು, ಸುರುಳಿಯ ಚರ್ಮದ ವಾಸನೆ, ಹಿರಿಯ ಕೊಂಪ್ರಾತ್ ಇನ್ನೊಂದು ಸುರುಳಿಯನ್ನು ಮಗುವಿನಂತೆ ಎದೆಗೊತ್ತಿ ನಿಂತಿದ್ದಾನೆ, ಅವನ ಕಣ್ಣಲ್ಲಿ ಸಿಟ್ಟಿಲ್ಲ, ಅವನೂ ಹೆದರಿದ್ದಾನೆ, ನೀನು ಆಶೀರ್ವಾದ ಹೇಳೋಕೆ ಮುಂಚೆ ಒಂದು ಮಾತು ಬೊಂಜುದಾ, ಎಂದ, ಅಬ್ರಹಾಮ ಕನಸು ಕಂಡ ಅಂತೀಯಂತಲ್ಲ, ಮೂರು ದಿನದ ದಾರಿ ಆ ಕತ್ತೆ ಏನು ಕನಸಿನ ಹುಲ್ಲು ತಿಂತಾ? ಕೆಳಗೆ ಯಾರೋ ಕಿಸಕ್ಕೆಂದರು. ಕೊಂಪ್ರಾತ್ ನಗಲಿಲ್ಲ, ದನಿ ತಗ್ಗಿಸಿದ, ಅಲ್ಲಪ್ಪಾ, ನಮ್ಮಪ್ಪ ಧರ್ಮ ಬಿಡು ಅಂದೋರ ಕೈಲಿ ಸತ್ತ, ಬಿಡಲ್ಲ ಅಂತ, ಇಸಾಕನ ಹೆಸರು ಹೇಳ್ತಾನೇ ಸತ್ತ, ಅವನು ಯಾರದೋ ಕನಸಿಗೆ ಸತ್ತನೇನು? ಹೇಳು, ನಡೀತೋ ಇಲ್ವೋ? ಇಲ್ಲ ಅಂದ್ರೆ ಈ ಸುರುಳಿ ಹಿಡ್ಕೊಂಡೇ ಹೇಳ್ತೀನಿ, ನಾಳೆಯಿಂದ ನಿನ್ನ ಜೊತೆ ಯಾರೂ ಉಣ್ಣಲ್ಲ, ನಿನ್ನ ಮನೆ ಕೂಸಿಗೆ ಯಾರೂ ಸುನ್ನತಿ ಮಾಡಲ್ಲ, ನಿನ್ನ ಹೆಣ ಯಾರೂ ಮುಟ್ಟಲ್ಲ. ನಾನು ಉತ್ತರ ಬಲ್ಲೆ, ದರ್ಶನ ಸುಳ್ಳಲ್ಲ ಕೊಂಪ್ರಾತ್, ಪ್ರವಾದಿಗೆ ದರ್ಶನಕ್ಕಿಂತ ನಿಜ ಬೇರೊಂದಿಲ್ಲ, ನಿಮ್ಮಪ್ಪ ಸತ್ತದ್ದು ಆ ನಿಜಕ್ಕೇ, ಮಾತು ನಾಲಿಗೆಯ ತುದಿಗೆ ಬಂತು, ಚೆನ್ನಾಗಿತ್ತು, ಮುದ್ದಾಗಿತ್ತು, ಆಗ ಹೆಂಗಸರ ಕಡೆಯ ಜಾಲರಿಯ ಹಿಂದೆ ಯಾರೋ ಕೆಮ್ಮಿದರು, ರೆಯಿನಾಳ ಅತ್ತಿಗೆ, ಅವಳು ಓಡಿದರೆ ನಮ್ಮ ಮನೆ ಎರಡು ತಿರುವಿನಾಚೆ, ರೆಯಿನಾ ಸೆರಗಿಗೆ ಕೈ ಒರೆಸಿಕೊಳ್ಳುತ್ತಾಳೆ, ಹೊರಡುತ್ತಾಳೆ, ದೊಲ್ಸಾ ಅಡ್ಡ ತಿರುಗಿದ ಕೂಸಿನೊಂದಿಗೆ — ನಡೀತು, ಎಂದೆ. ಜೋರಾಗಿ ಹೇಳು. ನಡೆಯಿತು, ಮೊರೀಯದಲ್ಲಿ ನಡೆಯಿತು, ಎಚ್ಚರದಲ್ಲಿ, ಹಗಲಲ್ಲಿ, ದೇವರು ಕೇಳಿದ, ಅಪ್ಪ ಮಗನನ್ನು ಕಟ್ಟಿದ, ಕೈ ಎತ್ತಿದ. ನನ್ನ ದನಿ ಗೋಡೆಗೆ ತಾಕಿ ನನಗೇ ವಾಪಸು ಬಂತು, ಬೇರೆ ಯಾರೋ ಹೇಳಿದ ಹಾಗೆ, ಕೊಂಪ್ರಾತ್ ಕಣ್ಣು ಮುಚ್ಚಿ ಉಸಿರು ಬಿಟ್ಟ, ನನ್ನ ಕೆನ್ನೆ ತಟ್ಟಿದ, ಒಳ್ಳೇದಾಯ್ತಪ್ಪ.

ಸುಳ್ಳು ಹೇಳಿದೆ, ಪರವಾಗಿಲ್ಲ, ಮಗಳಿಗಾಗಿ ಹೇಳಿದೆ, ಎಂದುಕೊಳ್ಳುತ್ತ ಬೀದಿಗೆ ಬಂದೆ, ಗಾಳಿ, ಎಲೆಯುದುರಿಸುವ ಕಾಲದ ಒಣ ಗಾಳಿ, ಆದರೆ ಯಾಕೆ ಹೀಗೆ ಹಿಂತಿರುಗಿ ಹಿಂತಿರುಗಿ ನೋಡುತ್ತ ನಡೆಯುತ್ತಿದ್ದೇನೆ, ಸುಳ್ಳು ಹೇಳಿದವನಿಗೆ ಸಿಕ್ಕಿಬೀಳುವ ಭಯ, ನನಗೆ ಇನ್ನೊಂದು ಭಯ, ಹೇಳಿದ್ದು ಸುಳ್ಳಲ್ಲದಿದ್ದರೆ? ಒಳಗೆ ನಾನು ಇಷ್ಟು ದಿನವೂ ಅದನ್ನೇ ನಂಬಿದ್ದೆನೇ, ಆದಿಕಾರಣ, ಧಾತು, ದರ್ಶನ ಎಲ್ಲ ಬಾಗಿಲಿಗೆ ಅಡ್ಡವಿಟ್ಟ ಮರದ ತುಂಡುಗಳೇ, ಆ ಬಾಗಿಲನ್ನು ಈಗ ಊರೆಲ್ಲ ನೋಡುತ್ತಿರುವಾಗ ನಾನೇ ತೆಗೆದೆ, ಕೇಳುವವನು ಇದ್ದಾನೆ, ಒಮ್ಮೆ ಕೇಳಿದವನು ಮತ್ತೊಮ್ಮೆ ಕೇಳಬಹುದು, ಬೆಟ್ಟದಲ್ಲಿ ಬೇಡ ಎಂದು ಕತ್ತಿ ತಡೆದವನು ನಮ್ಮ ಮನೆಯಲ್ಲಿ ಬೇಡ ಎನ್ನಲಿಲ್ಲ — ಮೆಟ್ಟಿಲ ಮೇಲೆ ಅಸ್ತ್ರುಗಾ ಅಳುತ್ತಿದ್ದಾಳೆ, ಇಲ್ಲ, ನಗುತ್ತಿದ್ದಾಳೆ, ಗಂಡು ಕಣ್ರೀ, ಗಂಡು, ದೊಲ್ಸಾ ಚೆನ್ನಾಗಿದಾಳೆ, ರೊಟ್ಟಿ ಕೇಳ್ತಿದಾಳೆ! ಒಳಗೆ ರಕ್ತದ ವಾಸನೆ, ಬೆವರು, ಕಿಟಕಿಯ ಬೆಳಕು, ದೊಲ್ಸಾ ದಿಂಬಿನಿಂದ ಕೈ ಚಾಚಿದಳು, ಅಪ್ಪಾ, ಯಾಕೆ ಅಲ್ಲೇ ನಿಂತ್ಕೊಂಡ್ರಿ, ಬನ್ನಿ. ರೆಯಿನಾ ಬಟ್ಟೆ ಸುತ್ತಿದ ಕೂಸನ್ನು ನನ್ನ ತೋಳಿಗೆ ದಾಟಿಸಿದಳು, ಬಿಸಿ, ಹಗುರ, ರೊಟ್ಟಿಯಷ್ಟೇ ಹಗುರ, ಹೀಗಲ್ಲ ಅಜ್ಜಾ, ತಲೆಗೆ ಕೈ ಆನಿಸಿ, ತಲೆಗೆ, ಎನ್ನುವಷ್ಟರಲ್ಲಿ ಕೂಸಿನ ತಲೆ ನನ್ನ ತೋಳಿನಾಚೆ ಹಿಂದಕ್ಕೆ ವಾಲಿತು, ಗಂಟಲು ಮೇಲಕ್ಕೆ ಬಯಲಾಯಿತು, ಕೆಂಪಗೆ, ಹೆಬ್ಬೆರಳಷ್ಟು ಅಗಲ, ತೆಳ್ಳನೆಯ ಚರ್ಮದ ಕೆಳಗೆ ಏನೋ ಹೊಡೆದುಕೊಳ್ಳುತ್ತಿದೆ, ಎಲ್ಲರೂ ನಗುತ್ತಿದ್ದಾರೆ, ನನಗೆ ಏನೂ ಕೇಳಿಸುತ್ತಿಲ್ಲ, ತಲೆಗೆ ಆನಿಸಲೆಂದು ಮೇಲೆತ್ತಿದ ನನ್ನ ಬಲಗೈ ಎತ್ತಿದಂತೆಯೇ ಇದೆ, ಇಳಿಸಲು ಹೆದರಿಕೆ, ಆ ಗಂಟಲು, ಹೊಡೆದುಕೊಳ್ಳುತ್ತಿರುವ ಆ ಗಂಟಲು, ಬೆಳಕಿನಲ್ಲಿ, ಆ ಪುಟ್ಟ ಗಂಟಲು —