ಹೇಗೆ ಬಿದ್ದರು

ಆಸ್ಪತ್ರೆಯ ನೆಲಮಾಳಿಗೆಯಲ್ಲಿದ್ದ ದಾಖಲೆ ಕೋಣೆಯಲ್ಲಿ ಹನ್ನೊಂದು ವರ್ಷದಿಂದ ಕೆಲಸ ಮಾಡುತ್ತಿದ್ದ ಅವಳನ್ನು ಎಲ್ಲರೂ ಕೋಡಕ್ಕ ಎಂದೇ ಕರೆಯುತ್ತಿದ್ದರು. ವೈದ್ಯರು ಬರೆದ ಚೀಟಿಗಳನ್ನು ಓದಿ, ಒಂದೊಂದು ಕಾಯಿಲೆಗೂ ಒಂದೊಂದು ಗಾಯಕ್ಕೂ ಅದರದರ ಅಕ್ಷರ, ಅಂಕಿಗಳ ಕೋಡ್ ಹಾಕುವುದು ಅವಳ ಕೆಲಸ. “ನಮ್ಮಕ್ಕನಿಗೆ ತಲೆತುಂಬಾ ಕೋಡು, ಹಾಯ್ದುಬಿಟ್ಟಾರು, ಹುಷಾರು” ಎಂದು ಪಕ್ಕದ ಮೇಜಿನ ಗುಮಾಸ್ತ ಹೊಸಬರು ಬಂದಾಗಲೆಲ್ಲ ಹೇಳುತ್ತಿದ್ದ. ಅವಳು ಕಂಪ್ಯೂಟರಿನಿಂದ ಕಣ್ಣು ಕೀಳದೆ ನಗುತ್ತಿದ್ದಳು.

ಗಾಯದ ಚೀಟಿಯಲ್ಲಿ ಅವಳು ಹುಡುಕುತ್ತಿದ್ದುದು ಮೂರು ಸಂಗತಿ. ಪೆಟ್ಟಾದದ್ದು ದೇಹದ ಯಾವ ಭಾಗಕ್ಕೆ, ಹೇಗಾಯಿತು, ಎಲ್ಲಿದ್ದಾಗ ಆಯಿತು. ಕೈಕಾಲು ಮುರಿದುಕೊಂಡವರ ಚೀಟಿಯಲ್ಲಿ ಮೂರೂ ಸಿಗುತ್ತಿದ್ದವು; ಏಣಿಯ ನಾಲ್ಕನೇ ಮೆಟ್ಟಿಲಿಂದ, ಗೋಡೆಗೆ ಬಣ್ಣ ಹೊಡೆಯುವಾಗ, ಮಗಳ ಮನೆಯಲ್ಲಿ ಎಂಬಷ್ಟು ವಿವರವಾಗಿ. ಸ್ತ್ರೀರೋಗ ವಿಭಾಗದಿಂದ ಬರುತ್ತಿದ್ದ ಸಣ್ಣಪುಟ್ಟ ಗಾಯಗಳ ಚೀಟಿ ಮಾತ್ರ ಮೊದಲನೆಯದಕ್ಕೇ ಮುಗಿದುಹೋಗುತ್ತಿತ್ತು. ಮಿಕ್ಕಿದ್ದಕ್ಕೆಲ್ಲ ಒಂದೇ ಮಾತು, ‘ಬಿದ್ದರು’. ಅಂಥವಕ್ಕೆಂದೇ ‘ಕಾರಣ ನಮೂದಿಸಿಲ್ಲ’ ಎಂಬ ಕೋಡ್ ಇದೆ. ಹಾಕಿದರೆ ಯಾರೂ ಏಕೆಂದು ಕೇಳುವುದಿಲ್ಲ.

ಒಂದು ಸೋಮವಾರ ಅಂಥದ್ದೇ ಚೀಟಿ ಬಂತು. ಮೂವತ್ತನಾಲ್ಕು ವರ್ಷದ ಹೆಂಗಸು. ಯೋನಿಯ ಹೊರತುಟಿ ಅರ್ಧ ಬೆರಳಿನಷ್ಟು ಹರಿದಿದೆ, ಸುತ್ತ ರಕ್ತ ಹೆಪ್ಪುಗಟ್ಟಿ ಊದಿದೆ. ಮೂರು ಹೊಲಿಗೆ. ಮೂತ್ರಕ್ಕೆ ತೊಂದರೆಯಿಲ್ಲ. ಮೊದಲ ದಿನ ಬಟ್ಟೆಯಲ್ಲಿ ಸುತ್ತಿದ ಮಂಜುಗಡ್ಡೆ ಇಡುವುದು, ಆಮೇಲೆ ದಿನಕ್ಕೆರಡು ಸಲ ಬೆಚ್ಚನೆ ನೀರಿನ ಟಬ್ಬಿನಲ್ಲಿ ಕೂರುವುದು, ವಾರ ಬಿಟ್ಟು ಬಂದು ತೋರಿಸುವುದು. ಕಾರಣ: ಬಿದ್ದರು. ಉದ್ಯೋಗ: ಲಾಂಡ್ರಿ.

ಕೋಡಕ್ಕನ ಬೆರಳು ಕೀಲಿಯ ಮೇಲೆಯೇ ನಿಂತಿತು. ಲಾಂಡ್ರಿ ಎಂಬುದನ್ನು ಹತ್ತು ದಿನದ ಹಿಂದೆಯೂ ಓದಿದ ನೆನಪು. ಹಳೆಯ ದಾಖಲೆ ತೆಗೆದು ಹುಡುಕಿದಳು. ನಾಲ್ಕು ತಿಂಗಳಲ್ಲಿ ಐದು ಹೆಂಗಸರು. ಐವರೂ ಊರಾಚೆಯ ಅದೇ ದೊಡ್ಡ ಲಾಂಡ್ರಿಯವರು, ಐವರಿಗೂ ಹೆಚ್ಚುಕಡಿಮೆ ಅದೇ ಗಾಯ, ಐವರೂ ಬಿದ್ದವರು. ಹಿಂದಿನ ನಾಲ್ವರಿಗೂ ‘ಕಾರಣ ನಮೂದಿಸಿಲ್ಲ’ ಎಂದು ಹಾಕಿದವಳು ಅವಳೇ.

ಅವಳಿಗೆ ಹತ್ತೊಂಬತ್ತಿದ್ದಾಗ ಅಣ್ಣನ ಸೈಕಲ್ ಕಲಿಯಲು ಹೋಗಿ ಕಾಲು ಜಾರಿ ಅದರ ಅಡ್ಡಕಂಬಿಯ ಮೇಲೆ ಕೂತುಬಿಟ್ಟಿದ್ದಳು. ಎರಡು ದಿನ ರಕ್ತ ಹೋಗಿತ್ತು. ಅಮ್ಮ ಕೇಳಿದರೆ ಹೊಟ್ಟೆನೋವು ಎಂದಿದ್ದಳು. ಪೆಡಲು, ಚೈನು, ಕಂಬಿ ಎಂದು ಸೈಕಲ್ಲಿನ ಒಂದೊಂದು ಭಾಗದ ಹೆಸರೂ ಆಗ ಅವಳ ನಾಲಿಗೆಯ ಮೇಲಿತ್ತು. ನೋಯುತ್ತಿದ್ದ ಜಾಗದ ಹೆಸರು ಮಾತ್ರ ಬಾಯಿಗೆ ಬಂದಿರಲಿಲ್ಲ.

ಕೋಡಕ್ಕ ಆ ಚೀಟಿ ಬರೆದ ಡಾಕ್ಟರಮ್ಮನಿಗೆ ಒಂದು ಸಾಲಿನ ಪ್ರಶ್ನೆ ಬರೆದು ಕಳಿಸಿದಳು: ಯಾವುದರ ಮೇಲೆ, ಹೇಗೆ ಬಿದ್ದರು? ಮಧ್ಯಾಹ್ನ ಫೋನೇ ಬಂತು.

“ಮೂರು ಹೊಲಿಗೆ ರೀ. ಹತ್ತು ದಿನದಲ್ಲಿ ಮಾಯುತ್ತೆ. ಹೇಗೆ ಬಿದ್ರೆ ಏನಂತೆ?”

“ಐದು ಜನ ಬಿದ್ದಿದ್ದಾರೆ ಮೇಡಂ. ಒಂದೇ ಕಡೆ ಕೆಲಸ ಮಾಡೋರು.”

ಯಾರಾದರೂ ಹಿಂಸೆ ಕೊಡುತ್ತಿದ್ದಾರೆಯೇ ಎಂಬ ಅನುಮಾನ ಇಬ್ಬರಿಗೂ ಬಂದಿತ್ತು, ಇಬ್ಬರೂ ಬಾಯಿಬಿಡಲಿಲ್ಲ. ಆ ಹೆಂಗಸು ಹೊಲಿಗೆ ತೋರಿಸಲು ಬಂದಾಗ ಕೇಳಿಸುತ್ತೇನೆ ಎಂದು ಹೇಳಿ ಡಾಕ್ಟರಮ್ಮ ಫೋನಿಟ್ಟರು.

ಕೇಳಿದ್ದು ಹಿರಿಯ ನರ್ಸು. ಕೆಲಸದ ಹೊತ್ತಿನಲ್ಲಿ ಬರುವ ಲಾಂಡ್ರಿಯವರ ಜೊತೆ ಸೂಪರ್‌ವೈಸರ್ ಬಂದು ಪರದೆಯ ಆಚೆಯೇ ನಿಲ್ಲುತ್ತಾನೆ ಎಂಬುದು ಆಕೆಗೆ ಗೊತ್ತಿತ್ತು. ಬೇಕಿಲ್ಲದ ಒಂದು ಮುದ್ರೆ ಹಾಕಿಸಿಕೊಂಡು ಬಾ ಎಂದು ಅವನನ್ನು ಕಟ್ಟಡದ ಆ ತುದಿಗೆ ಅಟ್ಟಿದಳು. ಆಮೇಲೆ ಕೈತೊಳೆದು, ಹೊಲಿಗೆ ನೋಡಿ, ಚೆನ್ನಾಗಿ ಕೂಡಿಕೊಳ್ಳುತ್ತಿದೆ ಎಂದು ಧೈರ್ಯ ಹೇಳಿ, ಆ ಹೆಂಗಸು ಬಟ್ಟೆ ಸರಿಮಾಡಿಕೊಂಡು ಎದ್ದು ಕೂತ ಮೇಲಷ್ಟೇ ವಿಚಾರಿಸಿದಳು.

ಹೊಡೆದವರು ಯಾರೂ ಇರಲಿಲ್ಲ. ಯಂತ್ರದಿಂದ ತೆಗೆದ ಒದ್ದೆ ಬಟ್ಟೆ ತುಂಬುವ ಕಬ್ಬಿಣದ ಬಂಡಿಗಳಿದ್ದವು, ಸೊಂಟಕ್ಕಿಂತ ಎತ್ತರ. ತಳದ ಬಟ್ಟೆ ಕೈಗೆ ಎಟುಕುವುದಿಲ್ಲ. ಪಕ್ಕದಲ್ಲೊಂದು ಪೆಟ್ಟಿಗೆ ಇಟ್ಟುಕೊಂಡು, ಅದರ ಮೇಲೆ ಒಂದು ಕಾಲೂರಿ, ಇನ್ನೊಂದನ್ನು ಬಂಡಿಯ ಒಳಗೆ ಹಾಕಿ ಬಗ್ಗಬೇಕು. ನೆಲವೆಲ್ಲ ಸೋಪಿನ ನೀರು. ಪೆಟ್ಟಿಗೆ ಜಾರಿದರೆ ಮುಗಿಯಿತು.

“ಬೀಳೋದು ಅಂತಲ್ಲ ಸಿಸ್ಟರ್. ಅಂಚಿನ ಮೇಲೆ ಕೂತ್ಬಿಡೋದು. ಸೂಪರ್‌ವೈಸರ್ ಎದುರಿಗೆ ಅದನ್ನೆಲ್ಲ ಹೇಗೆ ಹೇಳ್ಲಿ? ಬಿದ್ದೆ ಅಂದೆ.”

ಹೆಸರು ಹೇಳದೆ, ಹೀಗೆ ಬಂದವರಲ್ಲಿ ನೀವೇ ಮೊದಲಿನವರಲ್ಲ ಎಂದಷ್ಟೇ ನರ್ಸು ತಿಳಿಸಿದಳಂತೆ. ಆ ಹೆಂಗಸು, “ನಾನೊಬ್ಬಳೇ ಅಂದ್ಕೊಂಡಿದ್ದೆ” ಎಂದಳಂತೆ.

ಡಾಕ್ಟರಮ್ಮ ಎಲ್ಲವನ್ನೂ ಚೀಟಿಗೆ ಸೇರಿಸಿ ಬರೆದರು. ಮಿಕ್ಕ ನಾಲ್ವರಿಗೂ ಫೋನ್ ಮಾಡಿಸಿದರು. ಮೂವರು ಬಂದರು, ಅದೇ ಬಂಡಿ, ಅದೇ ಅಂಚು. ನಾಲ್ಕನೆಯವಳು ಕೆಲಸ ಬಿಟ್ಟು ಎಲ್ಲಿಗೋ ಹೋಗಿದ್ದಳು. ಉಳಿದ ನಾಲ್ವರ ದಾಖಲೆಗೂ ಕೋಡಕ್ಕ ಹೊಸ ಕೋಡ್ ಹಾಕಿದಳು, ಅವಳದ್ದೊಂದನ್ನು ಮಾತ್ರ ತಿದ್ದಲಿಲ್ಲ. ತನಗೆ ಎಷ್ಟು ಖಚಿತವೆನಿಸಿದರೂ ರೋಗಿ ಹೇಳದ್ದನ್ನು ತಾನು ಬರೆಯುವಂತಿಲ್ಲ. ಆ ಖಾಲಿ ಜಾಗ ಅವಳನ್ನು ಬಹಳ ದಿನ ಕಾಡಿತು.

ಆಸ್ಪತ್ರೆಯಿಂದ ಹೋದ ತಿಂಗಳ ವರದಿಯಲ್ಲಿ ಒಂದೇ ಕೆಲಸದ ಜಾಗದ ನಾಲ್ಕು ಗಾಯ ಒಟ್ಟಿಗೆ ಕಂಡಾಗ ಕಾರ್ಮಿಕ ಸುರಕ್ಷತೆಯ ಅಧಿಕಾರಿ ಅಳತೆಪಟ್ಟಿ ಹಿಡಿದು ಲಾಂಡ್ರಿಗೆ ಹೋದರು. ಮಾಲೀಕ ಮೊದಲು ಮಾಡಿದ್ದು ‘ನೋಡಿ ನಡೆಯಿರಿ’ ಎಂದು ಬೋರ್ಡು ತೂಗುಹಾಕಿದ್ದು. ಅಧಿಕಾರಿ ಎರಡನೇ ಸಲ ಹೋದ ಮೇಲೆ ಬಂಡಿಗಳ ಪಕ್ಕಕ್ಕೆ ಬಾಗಿಲು ಕೊರೆಸಿದ, ನೆಲಕ್ಕೆ ರಬ್ಬರ್ ಹಾಸಿಸಿದ. ಇಷ್ಟಾಗಲು ಎರಡು ತಿಂಗಳು ಹಿಡಿಯಿತು.

ಆಮೇಲೊಂದು ದಿನ ದಾಖಲೆ ಕೋಣೆಯ ಕಿಟಕಿಗೆ ಒಬ್ಬ ಹೆಂಗಸು ಬಂದಳು. ಅಧಿಕಾರಿಯ ಕಡತಕ್ಕೆ ತನ್ನ ಚೀಟಿಯ ನಕಲು ಬೇಕಿತ್ತು. ಹೆಸರು ನೋಡಿದೊಡನೆ ಆ ಸೋಮವಾರದ ಚೀಟಿಯವಳೆಂದು ಕೋಡಕ್ಕನಿಗೆ ಗೊತ್ತಾಯಿತು. ನಕಲು ತೆಗೆದುಕೊಟ್ಟಾಗ ಅವಳು ಅದನ್ನು ಹಿಂದೆಮುಂದೆ ತಿರುಗಿಸಿ, ಡಾಕ್ಟರ ಅಕ್ಷರ ಓದಲಾಗುತ್ತಿಲ್ಲ, ಏನು ಬರೆದಿದ್ದಾರೆ ಎಂದು ಕೇಳಿದಳು. ಗುಮಾಸ್ತ ಕಿವಿಯಾಗಿ ಕೂತಿದ್ದ. ಕೋಡಕ್ಕ ಎದ್ದು ಹೊರಗೆ ಬಂದು, ಅವಳನ್ನು ಕರೆದುಕೊಂಡು ಹಜಾರದ ಬೆಂಚಿನ ಮೇಲೆ ಕೂತು, ಒಂದು ಪದವನ್ನೂ ನುಂಗದೆ, ಪಿಸುಗುಟ್ಟದೆ, ಕೊನೆಯವರೆಗೆ ಓದಿ ಹೇಳಿದಳು.

“ಇಷ್ಟೇನಾ?” ಎಂದಳು ಅವಳು. “ನಾನು ಏನೇನೋ ಬರೆದಿರ್ತಾರೆ ಅಂದ್ಕೊಂಡಿದ್ದೆ.”

“ಇಷ್ಟೇ. ಮನೇಲಿ ಹೇಳಿದ್ರಾ?”

ಅವಳು ಇಲ್ಲವೆಂದು ತಲೆಯಾಡಿಸಿ ನಕ್ಕಳು. ನಡೆಯಲಾಗದೆ ಒದ್ದಾಡುವುದನ್ನು ನೋಡಿದ ಅತ್ತೆಗೆ ಬೆನ್ನುನೋವು ಎಂದಿದ್ದಳಂತೆ. ಅಂದಿನಿಂದ ಆ ಮುದುಕಿ ದಿನಾ ಸಂಜೆ ಸೊಸೆಯನ್ನು ಬೋರಲು ಮಲಗಿಸಿ ಬೆನ್ನಿಗೆ ಮುಲಾಮು ಉಜ್ಜುತ್ತಿದ್ದಾಳಂತೆ. ಗಾಯ ಮಾದು ಎಷ್ಟೋ ದಿನವಾಯಿತು, ಉಜ್ಜುವುದು ನಿಂತಿಲ್ಲ.

“ಅವರ ಕೈ ಬಹಳ ಮೆತ್ತಗಿದೆ ಅಕ್ಕಾ. ಬೇಡ ಅನ್ನೋಕೆ ಮನಸ್ಸು ಬರಲ್ಲ.”

“ಇವತ್ತಾದ್ರೂ ಹೇಳಿ.”

ಅವಳು ನಕಲನ್ನು ಮಡಿಸಿ ಚೀಲದೊಳಗೆ ಇಟ್ಟುಕೊಂಡಳು. “ಹೇಳ್ತೀನಿ. ಆದ್ರೆ ನಾಳೆ. ಇವತ್ತು ನಿಜವಾಗ್ಲೂ ಬೆನ್ನು ನೋಯ್ತಿದೆ.”