ಹೂವಯ್ಯನವರ ಹೆಸರಿಗಿಂತ ಒಂದು ಗೇಣು ಮೇಲೆ

ತೀರ್ಥಹಳ್ಳಿಯಿಂದ ಕವಲೇದುರ್ಗದ ಕಡೆ ಹೋಗುವ ದಾರಿಯಲ್ಲಿ, ಮುಚ್ಚಿಹೋದ ಅಕ್ಕಿ ಗಿರಣಿಯೊಂದರ ಮೇಲೆ ‘ಎತ್ತರ ಮತ್ತು ಗುರುತ್ವ ಅಕಾಡೆಮಿ’ ಎಂಬ ಬೋರ್ಡು ಇದೆ. ಓದಿದವರು ಮೊದಲು ನಗುತ್ತಾರೆ, ಆಮೇಲೆ ಒಳಗೆ ಇಣುಕುತ್ತಾರೆ, ಇಣುಕಿದವರು ಸಂಜೆಯವರೆಗೂ ಹೊರಗೆ ಬರುವುದಿಲ್ಲ. ನಿವೃತ್ತ ಭೌತಶಾಸ್ತ್ರದ ಮೇಷ್ಟ್ರು ಹೂವಯ್ಯನವರು ಕಟ್ಟಿದ ಸಂಸ್ಥೆ. ಅಲ್ಲಿ ಸದಸ್ಯರಾಗಲು ಸರ್ಟಿಫಿಕೇಟು ಬೇಡ, ಶಿಫಾರಸು ಬೇಡ. ಏನನ್ನಾದರೂ ಏರಿಸಬೇಕು. ಎಷ್ಟು ಎತ್ತರ ಏರುತ್ತದೆ ಎಂದು ಎಲ್ಲರೆದುರು ಮೊದಲೇ ಹೇಳಬೇಕು. ಹೇಳಿದ ಹಾಗೇ ಆದರೆ ಗೋಡೆಯ ಮೇಲೆ ಅಷ್ಟೇ ಎತ್ತರದಲ್ಲಿ ಹೆಸರು ಬರೆಯುತ್ತಾರೆ. ತಪ್ಪಿದರೆ ಟೀ ಕುಡಿದು ಮನೆಗೆ. ಒಬ್ಬರಿಗೆ ಜೀವಮಾನದಲ್ಲಿ ಒಂದೇ ಅವಕಾಶ. ಗೋಡೆಯ ತುತ್ತತುದಿಯಲ್ಲಿ ಇದ್ದದ್ದು ಹೂವಯ್ಯನವರದೇ ಹೆಸರು. ಅವರು ರಾಟೆ ಕಟ್ಟಿ, ಕುರ್ಚಿಯ ಮೇಲೆ ಕೂತು, ತಮ್ಮನ್ನು ತಾವೇ ಎಳೆದುಕೊಂಡು ಅಷ್ಟು ಮೇಲೆ ಹೋಗಿದ್ದರು.

ಆ ಅಕಾಡೆಮಿಯಿಂದ ಹೊಸನಗರದ ಪಕ್ಕದ ಹಳ್ಳಿಗೆ, ಗುತ್ಯಮ್ಮನ ಮನೆಗೆ, ಒಂದು ಆಹ್ವಾನ ಪತ್ರ ಬಂತು. ‘ಪಂಪಿಲ್ಲದೆ ಗುಡ್ಡದ ನೀರನ್ನು ಮನೆಬಾಗಿಲಿಗೆ ತರುವ ಶ್ರೀ ಭೂತಪ್ಪನವರಿಗೆ’ ಎಂದು ಬರೆದಿತ್ತು. ಭೂತಪ್ಪ ಅವಳ ಗಂಡ. ಓದಿ ಗುತ್ಯಮ್ಮನ ಮೈಯೆಲ್ಲ ಉರಿಯಿತು. ಮೂವತ್ತು ವರ್ಷದಿಂದ ಸಾಗರ, ಹೊಸನಗರದ ಸುತ್ತ ಒರತೆ ಹುಡುಕಿದವಳು ಅವಳು, ಮಟ್ಟ ನೋಡಿದವಳು ಅವಳು, ಪೈಪು ಎಲ್ಲಿ ಇಳಿದು ಎಲ್ಲಿ ಏರಬೇಕು ಎಂದು ಹೇಳಿದವಳು ಅವಳು. ಭೂತಪ್ಪ ಪೈಪಿನ ಸುರುಳಿ ಹೊತ್ತು ತಂದು ಹಾಕಿ, ಜಗಲಿಯಲ್ಲಿ ಕೂತು ಎಲೆ ಅಡಿಕೆ ಹಾಕುತ್ತಿದ್ದ. ನೀರು ಬಂದ ಮೇಲೆ ಜನ ಅನ್ನುತ್ತಿದ್ದುದು ಮಾತ್ರ ‘ಭೂತಪ್ಪನ ಕೈಗುಣ’ ಎಂದು. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಅನ್ನುವವರು ಅಕಾಡೆಮಿಯಲ್ಲೂ ಇದ್ದರು ಅಂತಾಯಿತು.

ಭೂತಪ್ಪನಿಗೂ ನಾಚಿಕೆಯಾಯಿತು. “ನಂಗ್ಯಾಕೆ ಬರ್ದಾರೆ ಮಾರಾಯ್ತಿ? ನಾನು ತಂಬಿಗೆನೂ ಸೊಟ್ಟ ಇಡೋನು. ನೀನೇ ಹೋಗು. ಪೈಪ್ ನಾ ಹೊರ್ತೀನಿ,” ಅಂದ.

ಹಾಗೆ ಇಬ್ಬರೂ ಹೋದರು. ಗಿರಣಿಯ ಎದುರಿನ ಕಣಿವೆಯಾಚೆ, ಗುಡ್ಡದ ಪಕ್ಕೆಯಲ್ಲಿ ಒಂದು ಒರತೆ ಗುತ್ಯಮ್ಮನ ಕಣ್ಣಿಗೆ ಬಿತ್ತು. ಎರಡು ದಿನ ಹಿಡಿದು ಅಲ್ಲಿಂದ ಕಪ್ಪು ಪೈಪನ್ನು ಕಣಿವೆಗೆ ಇಳಿಸಿ, ನಡುವಿನ ಬಂಡೆಯೊಂದರ ಮೇಲೆ ಹಾಯಿಸಿ, ಗಿರಣಿಯವರೆಗೆ ತಂದರು.

ಮೂರನೆಯ ದಿನ ಭಾನುವಾರ. ನಲವತ್ತು ಜನ ಸೇರಿದ್ದರು. ಅಕಾಡೆಮಿಯ ಅಳತೆ ನೋಡುವ ಇಂಜಿನಿಯರ್ ನಿಶಾಂತ್ ಫೋನು ಹಿಡಿದು ಬಂದ. “ಅಮ್ಮಾ, ಒರತೆ ನಮ್ಮ ನೆಲಕ್ಕಿಂತ ನಾಲ್ಕು ಮೀಟರ್ ಕೆಳಗಿದೆ ಅಂತ ತೋರಿಸ್ತಾ ಇದೆ. ನೀರು ಬರೋದೇ ಇಲ್ಲ. ಇರೋದೊಂದು ಅವಕಾಶ ಯಾಕೆ ಕಳ್ಕೊಳ್ತೀರಾ?”

“ಒಂದು ಹರಿವಾಣ ಕೊಡು ತಮ್ಮಾ, ನೀರು ತುಂಬಿ,” ಅಂದಳು ಗುತ್ಯಮ್ಮ.

ಹರಿವಾಣ ಹಿಡಿದು ಅವಳು ಅಟ್ಟ ಹತ್ತಿ ಕಿಟಕಿಯಲ್ಲಿಟ್ಟಳು. ಒರತೆಯ ನೀರಿನ ಅಂಚಿಗೆ ಭೂತಪ್ಪ ಮೊದಲೇ ಕೆಂಪು ಟವೆಲ್ಲು ಹಾಸಿ, ಪೈಪಿನ ಬಾಯಿ ಹಿಡಿದು ಅಲ್ಲೇ ಕಾಯುತ್ತಿದ್ದ. ಅವಳು ಒಂದು ಕಣ್ಣು ಮುಚ್ಚಿ, ಇನ್ನೊಂದನ್ನು ಹರಿವಾಣದ ನೀರಿನ ಮಟ್ಟಕ್ಕೆ ತಂದು ಆಚೆ ನೋಡಿದಳು. ಟವೆಲ್ಲು ಇನ್ನೂ ಮೇಲಿತ್ತು. ಹರಿವಾಣದ ಕೆಳಗೆ ಒಂದು ಹಲಗೆ ಇಟ್ಟಳು, ಇನ್ನೊಂದು ಇಟ್ಟಳು. ಈಗ ನೀರೂ ಟವೆಲ್ಲೂ ಒಂದೇ ಗೆರೆಗೆ ಬಂದವು. ಅದೇ ಮಟ್ಟಕ್ಕೆ ಗೋಡೆಯ ಮೇಲೆ ಇದ್ದಿಲಿನಿಂದ ಗೆರೆ ಎಳೆದಳು. ಗೆರೆ ಹೂವಯ್ಯನವರ ಹೆಸರಿಗಿಂತ ಒಂದು ಗೇಣು ಮೇಲಿತ್ತು.

“ಇಲ್ಲಿವರೆಗೆ ಏರ್ತದೆ. ಹನ್ನೆರಡು ಗಂಟೆ ಒಳಗೆ. ನಿಂತ ನೀರು ಯಾವತ್ತೂ ಸುಳ್ಳು ಹೇಳಲ್ಲ.”

ಜನ ಹೋ ಎಂದರು. ಹೂವಯ್ಯನವರು ಸಂತೋಷ ತಡೆಯಲಾರದೆ ಭಾಷಣಕ್ಕೇ ನಿಂತುಬಿಟ್ಟರು. ಅವರ ಭಾಷಣ ಮುಗಿದದ್ದಕ್ಕೆ ಬಿದ್ದ ಚಪ್ಪಾಳೆ ಕಣಿವೆಯಾಚೆಗೂ ಕೇಳಿಸಿತು. ಕೈಬೀಸಿ ಸನ್ನೆ ಮಾಡಿದ ಮೇಲೆ ಪೈಪಿನ ಬಾಯನ್ನು ನಿಧಾನಕ್ಕೆ, ಒಳಗಿನ ಗಾಳಿ ಹೊರಗೆ ಹೋಗುವ ಹಾಗೆ ಅರ್ಧರ್ಧವೇ ನೀರಿಗೆ ಇಳಿಸು ಎಂದು ಗುತ್ಯಮ್ಮ ಗಂಡನಿಗೆ ಹತ್ತು ಸಲ ಹೇಳಿದ್ದಳು. ಚಪ್ಪಾಳೆಯೇ ಸನ್ನೆ ಅಂದುಕೊಂಡ ಮಹಾರಾಯ, ಇಡೀ ಬಾಯನ್ನು ಒಂದೇ ಸಲ ಮುಳುಗಿಸಿ ಮೇಲೊಂದು ಕಲ್ಲು ಹೇರಿದ.

ಪೈಪು ಒಮ್ಮೆ ಗೊರ್ ಎಂದಿತು. ಆಮೇಲೆ ಸುಮ್ಮನಾಯಿತು.

ಹನ್ನೊಂದೂವರೆ. ಹನಿಯೂ ಇಲ್ಲ. ಹನ್ನೊಂದೂ ಮುಕ್ಕಾಲು. ಯಾರೋ ಟೀಗೆ ಇಟ್ಟರು. ಆ ಟೀ ಯಾರಿಗೆ ಎಂದು ಗುತ್ಯಮ್ಮನಿಗೆ ಗೊತ್ತಿತ್ತು. ಈ ಒಂದು ಸಲ ತಪ್ಪಿದರೆ ಮೂವತ್ತು ವರ್ಷವೂ ಹೋದ ಹಾಗೆ. ‘ಭೂತಪ್ಪನೇ ಮುಂದೆ ನಿಂತು ಮಾಡಿದ್ದರೆ ನೀರು ಬರುತ್ತಿತ್ತು’ ಎಂದೇ ಜನ ಹೇಳುತ್ತಾರೆ.

“ಗಾಳಿ ಕಟ್ಟಿದೆ!” ಎಂದು ಕೂಗಿ, ಸೀರೆ ಎತ್ತಿ ಕಟ್ಟಿ ಕಣಿವೆಗೆ ಓಡಿದಳು. ಅರುವತ್ತರ ಹೆಂಗಸು ಹಾಗೆ ಓಡಿದ್ದನ್ನು ನೋಡಿ ನಿಶಾಂತನೂ ಹಿಂದೆ ಓಡಿದ. ಅವಳು ಬಿಸಿಲಲ್ಲಿ ಬಿದ್ದಿದ್ದ ಪೈಪಿನ ಮೇಲೆ ಅಲ್ಲಲ್ಲಿ ಅಂಗೈ ಊರಿ ನೋಡಿದಳು. ತಣ್ಣಗಿತ್ತು. ಮುಂದೆಯೂ ತಣ್ಣಗಿತ್ತು. ಬಂಡೆಯ ನೆತ್ತಿಯಲ್ಲಿ ಕೈ ಚುರ್ ಎಂದಿತು.

“ಇಲ್ಲೇ! ನೀರಿದ್ದಲ್ಲಿ ತಂಪು, ಗಾಳಿ ಇದ್ದಲ್ಲಿ ಬಿಸಿ,” ಎಂದು ಸೆರಗಿನ ಪಿನ್ನು ಕಿತ್ತು ಚುಚ್ಚಿದಳು. ಸುಂಯ್ ಎಂದು ಗಾಳಿ ಹೊರಟಿತು. ಹೊರಡುತ್ತಲೇ ಇತ್ತು. ನಿಶಾಂತ್ ಗಡಿಯಾರ ನೋಡಿದ, ಅವಳು ನೋಡಲಿಲ್ಲ. ಕೊನೆಗೆ ಕೂದಲೆಳೆಯಷ್ಟು ನೀರು ಚಿಮ್ಮಿ ಅವಳ ಮುಖಕ್ಕೇ ಹೊಡೆಯಿತು. ಅಲ್ಲೇ ಬಿದ್ದಿದ್ದ ಬಿದಿರಿನ ಸಿಬಿರನ್ನು ತೂತಿಗೆ ಜಡಿದು, “ಓಡು ತಮ್ಮಾ, ಏಣಿ ಹತ್ತು!” ಅಂದಳು.

ಅವಳು ಏದುಸಿರು ಬಿಡುತ್ತ ಗಿರಣಿ ಮುಟ್ಟುವಾಗ ನಿಶಾಂತ್ ಪೈಪಿನ ತುದಿ ಹಿಡಿದು ಏಣಿ ಏರುತ್ತಿದ್ದ. ನೀರು ಭೋರೆಂದು ಸುರಿಯುತ್ತಿತ್ತು. ಕೆಳಗಿದ್ದವರೆಲ್ಲ ತೊಯ್ದು ತೊಪ್ಪೆಯಾದರೂ ಯಾರೂ ಕದಲಲಿಲ್ಲ. ಅವನು ಒಂದೊಂದು ಮೆಟ್ಟಿಲು ಏರಿದಂತೆ ಸುರಿಯುವುದು ತೆಳ್ಳಗಾಯಿತು. ಹೂವಯ್ಯನವರ ಹೆಸರು ನೆನೆಯಿತು, ಕೆಳಗಾಯಿತು. ಇದ್ದಿಲ ಗೆರೆಯ ಹತ್ತಿರ ನೀರು ಹನಿಹನಿಯಾಯಿತು. ಗೆರೆಗೆ ಸರಿಯಾಗಿ, ಪೈಪಿನ ಬಾಯಲ್ಲಿ ತುಂಬಿ, ಹೊರಗೆ ಬೀಳದೆ ನಿಂತಿತು.

“ಹನ್ನೆರಡಕ್ಕೆ ಎರಡು ನಿಮಿಷ ಇದೆ!” ಎಂದು ನಿಶಾಂತ್ ಮೇಲಿನಿಂದ ಕಿರುಚಿದ. “ಅಮ್ಮಾ, ನನ್ನ ಫೋನು ಸುಳ್ಳು, ನಿಮ್ಮ ಹರಿವಾಣ ಸತ್ಯ!”

ಹೂವಯ್ಯನವರು ಒದ್ದೆ ಪಂಚೆಯಲ್ಲೇ ಬಣ್ಣದ ಡಬ್ಬಿ, ಕುಂಚ ತಂದರು. ಪತ್ರದ ವಿಳಾಸ ಬರೆದವರು ಅವರೇ. ಏಣಿಯ ಬುಡದಲ್ಲಿ ನಿಂತು ತಲೆ ಕೆರೆದುಕೊಂಡು, “ತಪ್ಪಾಯ್ತು ತಾಯಿ. ಯಾರ ಹೆಸರು ಬರೀಲಿ, ನೀವೇ ಹೇಳಿ,” ಅಂದರು.

ಗುತ್ಯಮ್ಮ ಎತ್ತಿ ಕಟ್ಟಿದ್ದ ಸೀರೆಯನ್ನು ಇಳಿಬಿಟ್ಟಳು. ಅಷ್ಟರಲ್ಲಿ ಕಣಿವೆ ಹತ್ತಿ ಬಂದ ಭೂತಪ್ಪ ಬಾಗಿಲಲ್ಲಿ ನಿಂತು ಗೋಡೆ ನೋಡಿದ, ನೀರು ನೋಡಿದ, ಹೆಂಡತಿಯನ್ನು ನೋಡಿದ.

“ಗುತ್ಯಮ್ಮ ಅಂತ ಬರೀರಿ ಮೇಷ್ಟ್ರೇ!” ಎಂದು ಗಿರಣಿ ಗುಡುಗುವಂತೆ ಕೂಗಿದ. “ದೊಡ್ಡದಾಗಿ ಬರೀರಿ! ಇವತ್ತು ನೀರು ತಡೆದಿದ್ದು ಮಾತ್ರ ನನ್ನ ಕೈಗುಣ!”

ಗುತ್ಯಮ್ಮ ನಕ್ಕಳು, ಅತ್ತಳು, ಯಾವುದು ಯಾವುದೆಂದು ಒದ್ದೆ ಮುಖದಲ್ಲಿ ಯಾರಿಗೂ ತಿಳಿಯಲಿಲ್ಲ. ಆ ಹೆಸರು ಬರೆಯಲು ಹೂವಯ್ಯನವರು ತಮ್ಮ ಹೆಸರನ್ನು ದಾಟಿ ಇನ್ನೊಂದು ಮೆಟ್ಟಿಲು ಹತ್ತಬೇಕಾಯಿತು.