ಬೆಟ್ಟದ ಬಳ್ಳಿಗೂ ಕಣಿವೆಯ ಬಳ್ಳಿಗೂ ಒಂದೇ ಕೊಡ ನೀರೇ?

ಅರ್ಸೇಲಿಯಾಳ ತೋಟದ ಬಳ್ಳಿಗಳು ಹಳದಿಯಾಗತೊಡಗಿ ಮೂರು ವಾರವಾಗಿತ್ತು. ಮೊದಲು ಬುಡದ ಎಲೆ, ಆಮೇಲೆ ನಡುವಿನವು. ಮೊದಲ ಹೂ ಬಿಡುವ ಹೊತ್ತಿಗೆ ಸರಿಯಾಗಿ ಹೀಗಾಗಬೇಕೆ? ಎಲೆ ಬಾಡಿದಷ್ಟೂ ಅವಳು ನೀರು ಹೆಚ್ಚು ಹಾಕಿದಳು. ನೀರು ಹೆಚ್ಚಾದಷ್ಟೂ ಎಲೆ ಬಾಡುತ್ತಲೇ ಹೋದವು.

ಅವಳು ಹುಟ್ಟಿ ಬೆಳೆದದ್ದು ಕೆಳಗೆ, ಮಗ್ದಲೇನಾ ನದಿಯ ಬಿಸಿಲು ಕಣಿವೆಯಲ್ಲಿ. ಅಲ್ಲಿ ಅಂಗಳದ ಚಪ್ಪರಕ್ಕೆ ಹಬ್ಬಿದ್ದ ಮಾರಕುಯಾ ಎಂಬ ಪ್ಯಾಶನ್ ಹಣ್ಣಿನ ಬಳ್ಳಿಗೆ ಅವ್ವ ದಿನಾ ಸಂಜೆ ಒಂದೊಂದು ಕೊಡ ನೀರು ಹೊಯ್ಯುತ್ತಿದ್ದಳು. ಅರ್ಸೇಲಿಯಾ ಮದುವೆಯಾಗಿ ಬಂದದ್ದು ಮೇಲಿನ ಚಳಿ ಬೆಟ್ಟಕ್ಕೆ. ಹೋದ ವರ್ಷ ಅವಳೂ ಗಂಡ ಅಬೆಲಾರ್ದೋನೂ ಹಸು ಮೇಯುತ್ತಿದ್ದ ಹುಲ್ಲುಗಾವಲನ್ನು ಅಗೆದು ನಲವತ್ತು ಗ್ರಾನಡಿಲ್ಯಾ ಬಳ್ಳಿ ನೆಟ್ಟಿದ್ದರು. ಅದೂ ಪ್ಯಾಶನ್ ಹಣ್ಣಿನ ಜಾತಿಯೇ, ಆದರೆ ಚಳಿ ನಾಡಿನದು. ಪೇಟೆಯ ನರ್ಸರಿಯಲ್ಲಿ ಸಸಿಗಳನ್ನು ಆರಿಸಿ ಕಳಿಸಿದವಳು ಕಣಿವೆಯಲ್ಲೇ ಉಳಿದಿದ್ದ ಅಕ್ಕ ಫಿದೆಲೀನಾ.

ಹಾಗಾಗಿ ಅರ್ಸೇಲಿಯಾಳ ಅನುಮಾನ ನೆಟ್ಟಗೆ ಅಕ್ಕನ ಮೇಲೆಯೇ ಹೋಯಿತು. ಫೋನು ಹಚ್ಚಿ, ರೋಗದ ಸಸಿ ಕಳಿಸಿದ್ದೀಯ ಅಂದುಬಿಟ್ಟಳು. ಫಿದೆಲೀನಾ ಫೋನಿಟ್ಟುಬಿಟ್ಟಳು. ಅಂದಿನಿಂದ ಅಕ್ಕತಂಗಿಯರ ನಡುವೆ ಮಾತಿಲ್ಲ. ಇತ್ತ ಅಬೆಲಾರ್ದೋ, ಇದೆಲ್ಲ ಕಿತ್ತುಹಾಕಿ ಮತ್ತೆ ಹಸು ಬಿಡೋಣ ಎಂದು ಗೊಣಗತೊಡಗಿದ.

ಅಷ್ಟರಲ್ಲಿ ಬೆಳೆಗಾರರ ಸಂಘದ ಲೆಯೋನೋರ್ ತನ್ನ ಬೈಕಿನಲ್ಲಿ ಆ ದಾರಿಯಾಗಿ ಬಂದಳು. ತೋಟ ನೋಡಿದವಳೇ ಕೇಳಿದ್ದು ಒಂದೇ ಮಾತು: ದಿನಕ್ಕೆ ಎಷ್ಟು ನೀರು?

"ಒಂದೊಂದಕ್ಕೆ ಒಂದು ಕೊಡ. ಈಗ ಬಾಡ್ತಾ ಇವೆ ಅಂತ ಎರಡು," ಅಂದಳು ಅರ್ಸೇಲಿಯಾ.

"ಅದಕ್ಕೇ ಬಾಡ್ತಿರೋದು."

ಅರ್ಸೇಲಿಯಾಗೆ ರೇಗಿತು. "ನೀರು ಹಾಕಿ ಗಿಡ ಕೊಂದೋರನ್ನ ನಾನೆಲ್ಲೂ ಕಂಡಿಲ್ಲ ಕಣಮ್ಮ."

"ಕಾಣೋದು ಹ್ಯಾಗೆ? ಅದು ಮಣ್ಣೊಳಗೆ ನಡಿಯೋ ಕೆಲಸ," ಅನ್ನುತ್ತಾ ಲೆಯೋನೋರ್ ಪೂರಾ ಒಣಗಿದ್ದ ಒಂದು ಬಳ್ಳಿಯ ಬುಡ ಅಗೆದಳು. ಬೇರು ಕಂದಿ ಹೋಗಿತ್ತು. ಬೆರಳಲ್ಲಿ ಹಿಡಿದರೆ ಸಿಪ್ಪೆ ಸುಲಿದು ಬಂತು, ಕೊಳೆತ ವಾಸನೆ ಮೂಗಿಗೆ ಬಡಿಯಿತು. ಆಮೇಲೆ ಗೇಣುದ್ದ ಆಳದ ಮಣ್ಣನ್ನು ಅರ್ಸೇಲಿಯಾಳ ಅಂಗೈಗೆ ಹಾಕಿ ಹಿಂಡಲು ಹೇಳಿದಳು. ಬೆರಳ ಸಂದಿಯಿಂದ ನೀರು ತೊಟ್ಟಿಕ್ಕಿತು.

ನೀರು ತೊಟ್ಟಿಕ್ಕಿದರೆ ಕೊಡ ಮುಟ್ಟಬೇಡ, ಉಂಡೆ ಕಟ್ಟಿ ಅಂಗೈ ತಣ್ಣಗಾದರೆ ಅಷ್ಟು ಸಾಕು, ಪುಡಿಪುಡಿಯಾಗಿ ಉದುರಿದರೆ ಮಾತ್ರ ನೀರು ಹಾಕು ಎಂದು ಲೆಯೋನೋರ್ ತಿಳಿಸಿ ಹೇಳಿದಳು.

"ಹಂಗಾದ್ರೆ ನಮ್ಮವ್ವ ಮಾಡಿದ್ದು ತಪ್ಪಾ?"

"ಅವ್ವನ ಅಂಗಳಕ್ಕೆ ಅದೇ ಸರಿ. ಅಲ್ಲಿ ಹಾಕಿದ ನೀರನ್ನ ಬಿಸಿಲು ಕುಡಿದುಬಿಡ್ತದೆ. ಇಲ್ಲಿ ಹತ್ತು ಗಂಟೆಯಾದ್ರೂ ಮಂಜು ಎದ್ದಿರಲ್ಲ. ನೀವು ಹಾಕಿದ ನೀರು ಎಲ್ಲಿಗೆ ಹೋಗ್ಬೇಕು ಹೇಳಿ?"

ಅರ್ಸೇಲಿಯಾ ಪೂರಾ ನಂಬಲಿಲ್ಲ. ಅರ್ಧ ತೋಟಕ್ಕೆ ನೀರು ನಿಲ್ಲಿಸಿದಳು, ಇನ್ನರ್ಧಕ್ಕೆ ಹಠದಿಂದ ಹೊಯ್ದಳು. ಮೂರನೇ ವಾರಕ್ಕೆ ನೀರು ನಿಲ್ಲಿಸಿದ ಸಾಲುಗಳಲ್ಲಿ ಎಳೆ ಕುಡಿ ಇಣುಕಿತು. ಹೊಯ್ದ ಕಡೆ ಮತ್ತೆ ನಾಲ್ಕು ಬಳ್ಳಿ ಸತ್ತವು. ಅವನ್ನು ನೋಡಿ ಸಂಕಟಪಟ್ಟು ಅವಳು ಅಲ್ಲೂ ನೀರು ನಿಲ್ಲಿಸಿದಳು.

ಅಬೆಲಾರ್ದೋ ಹಸುವಿನ ಮಾತು ಬಿಟ್ಟು ಗುದ್ದಲಿ ಹಿಡಿದ. ಸಾಲುಗಳ ನಡುವೆ ಕಾಲುವೆ ತೆಗೆದರು. ಬುಡದಲ್ಲಿ ನೀರು ನಿಲ್ಲದಂತೆ ಮಣ್ಣು ಏರಿಸಿದರು. ಗಾಳಿ ಬೆಳಕು ಆಡಲೆಂದು ದಟ್ಟ ಕವಲುಗಳನ್ನು ಸವರಿದರು, ಒಂದು ಬಳ್ಳಿ ಕತ್ತರಿಸಿ ಮುಂದಿನದಕ್ಕೆ ಹೋಗುವಾಗ ರೋಗ ಹರಡದಂತೆ ಕತ್ತಿ ತೊಳೆದರು. ಒಟ್ಟು ಹನ್ನೊಂದು ಬಳ್ಳಿಗಳನ್ನು ಬೇರುಸಹಿತ ಕಿತ್ತು ಸುಟ್ಟರು. ಉಳಿದ ಇಪ್ಪತ್ತೊಂಬತ್ತು ಬಳ್ಳಿಗಳು ಮೊಗ್ಗು ಬಿಟ್ಟವು.

ಮೊಗ್ಗು ಕಂಡ ದಿನ ಅರ್ಸೇಲಿಯಾಗೆ ಸಂತೋಷಕ್ಕಿಂತ ನಾಚಿಕೆಯೇ ಹೆಚ್ಚಾಯಿತು. ಭಾನುವಾರ ಬಾಳೆಲೆಯಲ್ಲಿ ಚೀಸ್ ಸುತ್ತಿಕೊಂಡು ಕಣಿವೆಯ ಬಸ್ಸು ಹತ್ತಿದಳು.

ಫಿದೆಲೀನಾ ಬಾಗಿಲಲ್ಲೇ ನಿಂತಳು. ಒಳಗೆ ಬಾ ಅನ್ನಲಿಲ್ಲ. "ರೋಗದ ಸಸಿ ಕೊಡೋಳ ಮನೇಲಿ ನಿಂಗೇನು ಕೆಲ್ಸ?"

"ರೋಗ ನಿನ್ನ ಸಸೀಲಿರ್ಲಿಲ್ಲ ಅಕ್ಕ. ನನ್ನ ಕೊಡದಲ್ಲಿತ್ತು."

ಫಿದೆಲೀನಾ ಬಾಗಿಲು ಬಿಟ್ಟು ಪಕ್ಕಕ್ಕೆ ಸರಿದಳು. ಆಮೇಲೆ ಚೀಸ್ ತೆಗೆದುಕೊಂಡು ಕಾಫಿಗೆ ನೀರಿಟ್ಟಳು.

ಕಾಫಿ ಕುಡಿಯುತ್ತಾ ಅರ್ಸೇಲಿಯಾ ಅಂಗಳ ನೋಡಿದಳು. ಅಕ್ಕನ ಮಾರಕುಯಾ ಚಪ್ಪರದ ಕೆಳಗೆ ನೆಲ ತುಂಬಾ ಉದುರಿದ ಹೂವು. ಈ ವರ್ಷ ಕಾಯಿಯೇ ನಿಲ್ಲುತ್ತಿಲ್ಲ ಎಂದು ಅಕ್ಕ ಅಳಲು ತೋಡಿಕೊಂಡಳು. ನೀರು ಕಮ್ಮಿ ಮಾಡು ಅನ್ನುವ ಮಾತು ಅರ್ಸೇಲಿಯಾಳ ನಾಲಗೆ ತುದಿಗೆ ಬಂದಿತ್ತು. ತಡೆದುಕೊಂಡಳು. ಎದ್ದು ಹೋಗಿ ಬಳ್ಳಿಯ ಬುಡದಿಂದ ಕೊಂಚ ದೂರದಲ್ಲಿ ಅಗೆದಳು. ಮೇಲೆ ಎರಡು ಬೆರಳಷ್ಟು ಒದ್ದೆ, ಗೇಣು ಕೆಳಗೆ ಹಿಟ್ಟಿನಂಥ ಒಣ ಮಣ್ಣು. ಅವ್ವನಂತೆ ಕೊಡ ಹೊರಲಾರದೆ ಅಕ್ಕ ದಿನಾ ಸಂಜೆ ಪೈಪಿನಲ್ಲಿ ಚಿಮುಕಿಸುತ್ತಿದ್ದಳಷ್ಟೆ. ನೀರು ಬೇರಿನವರೆಗೆ ಇಳಿಯುತ್ತಲೇ ಇರಲಿಲ್ಲ.

ಬೆಳಿಗ್ಗೆ ಹೊತ್ತು ಪೈಪನ್ನು ನಿಧಾನಕ್ಕೆ ಬಿಟ್ಟು ಆಳಕ್ಕೆ ಇಳಿಯುವಂತೆ ನೀರುಣಿಸು, ಬುಡಕ್ಕೆ ತಾಗದಂತೆ ಸುತ್ತ ಒಣ ಎಲೆ ಹೊದಿಸು, ಹೂ ಕಾಯಿ ಇರುವಾಗ ಮಣ್ಣು ಪುಡಿಯಾಗಲು ಬಿಡಬೇಡ ಎಂದು ಅರ್ಸೇಲಿಯಾ ಹೇಳಿದಳು.

"ಮೊನ್ನೆ ಕಲಿತೋಳು ನಂಗೆ ಪಾಠ ಹೇಳ್ತೀಯಾ?" ಎಂದು ನಕ್ಕರೂ ಫಿದೆಲೀನಾ ಅಂದೇ ಮಧ್ಯಾಹ್ನ ಒಣ ಎಲೆ ಗುಡಿಸಿ ತಂದಳು. ತಿಂಗಳು ಕಳೆದ ಮೇಲೆ ಅವಳೇ ಫೋನು ಮಾಡಿದಳು. ಕಾಯಿ ನಿಂತಿವೆ, ಎಣಿಸಿದರೆ ದೃಷ್ಟಿಯಾದೀತು ಅಂತ ಎಣಿಸಿಲ್ಲ ಅಂದಳು.

ಇದನ್ನು ಓದುತ್ತಿರುವ, ಓದಿಸಿ ಕೇಳುತ್ತಿರುವ ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಮನೆ ಮುಂದೆಯೂ ಪ್ಯಾಶನ್ ಹಣ್ಣಿನ ಬಳ್ಳಿ ಇರಬಹುದು. ಊರು ಬಿಸಿಲಿನದಾದರೆ ನೀರು ಬೇರು ಮುಟ್ಟುವಂತೆ ಹಾಕಿ. ಮಂಜಿನದಾದರೆ ನೀರು ಹರಿದು ಹೋಗಲು ದಾರಿ ಮಾಡಿ. ಕುಂಡದಲ್ಲಿದ್ದರೆ ತಳದ ತೂತು ಕಟ್ಟಿಕೊಂಡಿದೆಯೇ ನೋಡಿ, ಕೊರೆಯುವ ಚಳಿಗೆ ಒಳಗಿಡಿ. ಪಕ್ಕದ ಮನೆಯವರು ಎಷ್ಟು ಹಾಕುತ್ತಾರೆ ಎಂದು ಕೇಳುವ ಮುಂಚೆ ನಿಮ್ಮ ಮಣ್ಣನ್ನು ನೀವೇ ಒಂದು ಹಿಡಿ ಹಿಂಡಿ ನೋಡಿ. ನಾಳೆ ಬೆಳಿಗ್ಗೆಯೇ ನೋಡಿ.